ಕೈಗೆ ತಕ್ಕ ಗೇಮ್‌ಪ್ಯಾಡ್

ನಮ್ಮ ಹಾಸ್ಟೆಲ್ ರೂಮಿನಲ್ಲಿ ಇದ್ದದ್ದು ಒಂದೇ ಕಂಪ್ಯೂಟರ್, ಒಂದೇ ಕೀಬೋರ್ಡ್. 2006ರ ಕೊನೆಗೆ ಇಎ ಕಂಪನಿಯ ಕ್ರಿಕೆಟ್ 07 ಬಂತು. ನಾನು ಮತ್ತು ಗದಗಿನ ನನ್ನ ಗೆಳೆಯ ಆ ಒಂದೇ ಕೀಬೋರ್ಡಿಗೆ ಗಡಿ ಹಾಕಿಕೊಂಡು ಆಡುತ್ತಿದ್ದೆವು. ಎಡಭಾಗ ಅವನದು, ಬಲಭಾಗ ನನ್ನದು. ಇಬ್ಬರೂ ಒಟ್ಟಿಗೆ ನಾಲ್ಕೈದು ಕೀ ಒತ್ತಿದರೆ ಅದರಲ್ಲಿ ಒಂದು ಕೆಲಸವನ್ನೇ ಮಾಡುತ್ತಿರಲಿಲ್ಲ. ಔಟಾದವನು ಕೀಬೋರ್ಡನ್ನು ಬೈಯುವುದು, ಗೆದ್ದವನು "ಕೀಬೋರ್ಡ್ ಚಲೋ ಐತಿ, ನಿನ್ನ ಕೈ ಸರಿ ಇಲ್ಲ" ಅನ್ನುವುದು ದಿನಾ ರಾತ್ರಿಯ ಕಥೆಯಾಗಿತ್ತು.

ಈಗ ಇಬ್ಬರೂ ಪುಣೆಯಲ್ಲಿದ್ದೇವೆ. ಅವನು ವಾಕಡ್, ನಾನು ಹಡಪ್ಸರ್. ಪುಣೆಯಲ್ಲಿರುವವರಿಗೆ ಈ ದೂರವನ್ನು ವಿವರಿಸಬೇಕಿಲ್ಲ, ಇಲ್ಲದವರಿಗೆ ಇಷ್ಟು ಸಾಕು: ಒಂದೇ ಊರಿನಲ್ಲಿದ್ದೂ ನಾವು ಭೇಟಿಯಾಗುತ್ತಿದ್ದದ್ದು ಭಾನುವಾರ ರಾತ್ರಿ ಆನ್‌ಲೈನ್ ಆಟದಲ್ಲೇ. ಕಿವಿಗೆ ಹೆಡ್‌ಸೆಟ್, ಕೈಯಲ್ಲಿ ಗೇಮ್‌ಪ್ಯಾಡ್, ಬಾಯಲ್ಲಿ ಆಫೀಸು, ಮಕ್ಕಳು, ಊರಿನ ಸುದ್ದಿ.

ಎರಡು ವರ್ಷದ ಹಿಂದೆ ಮಳೆಗಾಲದಲ್ಲಿ ಅವನ ಬೈಕ್ ಜಾರಿತು. ಆಪರೇಷನ್ ಆಯಿತು, ತಿಂಗಳುಗಟ್ಟಲೆ ಫಿಸಿಯೋಥೆರಪಿ ಆಯಿತು. ಬಲಗೈಯ ಹೆಬ್ಬೆರಳು ಮತ್ತು ತೋರುಬೆರಳು ಮಾತ್ರ ಪೂರ್ತಿ ಮಡಚುವುದಿಲ್ಲ. ಆಫೀಸಿನ ಕೆಲಸಕ್ಕೆ ದಾರಿ ಮಾಡಿಕೊಂಡ, ಕಾರು ಓಡಿಸುತ್ತಾನೆ. ಆದರೆ ಒಂದು ದಿನ ತನ್ನ ಗೇಮ್‌ಪ್ಯಾಡನ್ನು ನನ್ನ ಕೈಗಿಟ್ಟು "ನೀನೇ ಇಟ್ಕೋ, ನನಗ ಇನ್ನ ಇದು ಬ್ಯಾಡ" ಅಂದ. ಭಾನುವಾರ ನಿಂತುಹೋಯಿತು. ಆಮೇಲೆ ನಮ್ಮ ಮಾತು ಯುಗಾದಿ, ದೀಪಾವಳಿಯ ಶುಭಾಶಯಕ್ಕೆ ಬಂದು ನಿಂತಿತು.

ಗೇಮ್‌ಪ್ಯಾಡ್ ಹಿಡಿದು ನೋಡಿದರೆ ಅವನ ಮಾತಿನ ಅರ್ಥ ಆಗುತ್ತದೆ. ಬಲ ಹೆಬ್ಬೆರಳಿಗೇ ಎರಡು ಕೆಲಸ: ಎ, ಬಿ, ಎಕ್ಸ್, ವೈ ಬಟನ್‌ಗಳನ್ನು ಒತ್ತುವುದು, ಜೊತೆಗೆ ಬಲಗಡೆಯ ಸ್ಟಿಕ್ ತಿರುಗಿಸಿ ಕ್ಯಾಮೆರಾ ನೋಡಿಕೊಳ್ಳುವುದು. ಮೇಲಿನ ಟ್ರಿಗರ್ ತೋರುಬೆರಳಿನದು. ಅವನಿಗೆ ಕೆಲಸ ಮಾಡದ ಎರಡು ಬೆರಳುಗಳೇ ಈ ವಿನ್ಯಾಸದಲ್ಲಿ ಎಲ್ಲಕ್ಕಿಂತ ಹೆಚ್ಚು ದುಡಿಯುವ ಬೆರಳುಗಳು. ನಡುಬೆರಳು, ಉಂಗುರ ಬೆರಳು ಸುಮ್ಮನೆ ಪ್ಯಾಡನ್ನು ಹಿಡಿದುಕೊಂಡು ಕೂತಿರುತ್ತವೆ.

ಕಳೆದ ವರ್ಷ ನಾನು ಹಿಂಬದಿಯಲ್ಲಿ ಎರಡು ಹೆಚ್ಚುವರಿ ಬಟನ್ ಮತ್ತು ಒಳಗೆ ಗೈರೊ ಸೆನ್ಸರ್ ಇರುವ ಒಂದು ಪ್ಯಾಡ್ ಕೊಂಡೆ. ಗೈರೊ ಅಂದರೆ ನಮ್ಮ ಫೋನಿನಲ್ಲಿರುವುದೇ, ಪ್ಯಾಡ್ ಯಾವ ಕಡೆಗೆ ವಾಲಿತು, ತಿರುಗಿತು ಎಂದು ಹೇಳುವ ಸೆನ್ಸರ್. ಹಿಂಬದಿ ಬಟನ್ ಒತ್ತುವುದು ಆ ಸುಮ್ಮನೆ ಕೂತ ಬೆರಳುಗಳೇ. ಅದನ್ನು ತೆಗೆದುಕೊಂಡು ಒಂದು ಶನಿವಾರ ವಾಕಡ್‌ಗೆ ಹೋದೆ.

ಮೊದಲ ಪ್ರಯತ್ನ ಕೆಟ್ಟಿತು, ತಪ್ಪು ನನ್ನದೇ. ನಾಲ್ಕು ವಿಡಿಯೋ ನೋಡಿ, ಜನಪ್ರಿಯ ಲೇಔಟ್‌ಗಳನ್ನೆಲ್ಲ ಬೆರೆಸಿ, ಒಂದೊಂದು ಬಟನ್‌ಗೆ ಮೂರು ಮೂರು ಕೆಲಸ ತುಂಬಿಸಿ ತಂದಿದ್ದೆ. ಹತ್ತು ನಿಮಿಷ ಆಡಿ ಪ್ಯಾಡ್ ಕೆಳಗಿಟ್ಟ. "ಲೇ, ಇದು ನಿನ್ನ ಕೈಗೆ ಹೊಂದೈತಿ. ಇದರಾಗ ನನ್ನ ಕೈ ಎಲ್ಲೈತಿ?" ಅಂದ. ಹದಿನೈದು ವರ್ಷ ಸಾಫ್ಟ್‌ವೇರ್ ಬರೆದವನು ನಾನು. ಬಳಸುವವರನ್ನು ಕೇಳದೆ ಫೀಚರ್ ಮಾಡಬೇಡಿ ಎಂದು ಜೂನಿಯರ್‌ಗಳಿಗೆ ಪಾಠ ಹೇಳುವವನೂ ನಾನೇ.

ಆಮೇಲೆ ಆಟ ಮುಚ್ಚಿ, ಮೊದಲು ಮಾಡಬೇಕಿದ್ದ ಕೆಲಸ ಮಾಡಿದೆವು. ವಿಂಡೋಸ್‌ನಲ್ಲಿ ರನ್ ಬಾಕ್ಸ್ ತೆರೆದು ಜಾಯ್ ಡಾಟ್ ಸಿಪಿಎಲ್ ಎಂದು ಟೈಪ್ ಮಾಡಿದರೆ ಪ್ಯಾಡಿನ ಹಳೆಯ ಪರೀಕ್ಷಾ ಪರದೆ ತೆರೆಯುತ್ತದೆ. ಬಟನ್ ಒತ್ತಿದಂತೆ ಅಲ್ಲಿನ ಕೆಂಪು ದೀಪಗಳು ಹೊತ್ತಿಕೊಳ್ಳುತ್ತವೆ. ಅವನು ಒಂದೊಂದೇ ಬಟನ್ ತನಗೆ ಅನುಕೂಲವಾದ ಬೆರಳಿನಿಂದ ಒತ್ತಿದ. ನಾನು ಒಂದು ಹಾಳೆಯಲ್ಲಿ ಮೂರು ಕಾಲಂ ಹಾಕಿ ಬರೆದೆ: ಸಲೀಸು, ಕಷ್ಟಪಟ್ಟು, ಆಗುವುದಿಲ್ಲ. ಚಹಾ ಕುಡಿದು ಅರ್ಧ ಗಂಟೆ ಬಿಟ್ಟು ಮತ್ತೆ ಒತ್ತಿಸಿದೆ. ಮೊದಲು 'ಸಲೀಸು' ಕಾಲಂನಲ್ಲಿದ್ದ ಎರಡು ಬಟನ್ ಈಗ 'ಕಷ್ಟಪಟ್ಟು' ಕಾಲಂಗೆ ಹೋದವು. ಕೈ ದಣಿದಾಗ ಪಟ್ಟಿ ಬದಲಾಗುತ್ತದೆ. ಈ ಎರಡನೇ ಪಟ್ಟಿಯೇ ನಿಜವಾದದ್ದು, ಯಾಕೆಂದರೆ ಯಾರೂ ಐದು ನಿಮಿಷಕ್ಕೆಂದು ಆಟ ಶುರು ಮಾಡುವುದಿಲ್ಲ.

ಈಗ ತಾಂತ್ರಿಕ ವಿಷಯ. ಪ್ಯಾಡ್ ಕೊಂಡವರೆಲ್ಲರ ಮೊದಲ ದೂರು "ಒಂದು ಆಟದಲ್ಲಿ ಕೆಲಸ ಮಾಡುತ್ತೆ, ಇನ್ನೊಂದರಲ್ಲಿ ಮಾಡಲ್ಲ" ಎಂಬುದು. ಕಾರಣ, ವಿಂಡೋಸ್ ಆಟಗಳು ಪ್ಯಾಡ್ ಜೊತೆ ಮಾತಾಡಲು ಎರಡು ಭಾಷೆಗಳಿವೆ. ಹಳೆಯದು ಡೈರೆಕ್ಟ್‌ಇನ್‌ಪುಟ್. ಅದರಲ್ಲಿ ಬಟನ್‌ಗಳಿಗೆ ಹೆಸರಿಲ್ಲ, ನಂಬರ್ ಮಾತ್ರ. ಒಂದನೇ ಬಟನ್ ಅಂದರೆ ಯಾವುದು ಎಂದು ಕಂಪನಿಗೊಂದು ಲೆಕ್ಕ. 2005ರಲ್ಲಿ ಎಕ್ಸ್‌ಬಾಕ್ಸ್ 360 ಬಂದ ಕಾಲಕ್ಕೆ ಮೈಕ್ರೋಸಾಫ್ಟ್ ಎಕ್ಸ್‌ಇನ್‌ಪುಟ್ ತಂದಿತು. ಅದರಲ್ಲಿ ಎ ಅಂದರೆ ಎಲ್ಲೆಡೆ ಎ. ಹೊಸ ಆಟಗಳು ಬಹುಪಾಲು ಇದನ್ನೇ ಕೇಳುತ್ತವೆ. ಕೆಲವು ಪ್ಯಾಡ್‌ಗಳ ಹಿಂಬದಿಯಲ್ಲಿ ಎಕ್ಸ್, ಡಿ ಎಂದು ಬರೆದ ಸಣ್ಣ ಸ್ವಿಚ್ ಇರುವುದು ಇದಕ್ಕೇ. ಆಟ ಪ್ಯಾಡನ್ನು ಗುರುತಿಸದಿದ್ದರೆ ಬೇರೇನೂ ಮಾಡುವ ಮೊದಲು ಆ ಸ್ವಿಚ್ ಬದಲಿಸಿ, ಆಟವನ್ನು ಮುಚ್ಚಿ ಮತ್ತೆ ತೆರೆಯಿರಿ.

ಎಕ್ಸ್‌ಇನ್‌ಪುಟ್‌ನ ಶಿಸ್ತಿಗೆ ಒಂದು ಬೆಲೆಯಿದೆ. ಅದರ ಪಟ್ಟಿಯಲ್ಲಿ ಹಿಂಬದಿ ಬಟನ್‌ಗೆ ಜಾಗವಿಲ್ಲ, ಗೈರೊಗೂ ಇಲ್ಲ. ಹೀಗಾಗಿ ಬಹಳಷ್ಟು ಪ್ಯಾಡ್‌ಗಳಲ್ಲಿ ಹಿಂಬದಿ ಬಟನ್ ಇನ್ನೊಂದು ಬಟನ್‌ನ ನಕಲಾಗಿ ಮಾತ್ರ ಕೆಲಸ ಮಾಡುತ್ತದೆ. ಗೈರೊ ಬೇಕೆಂದರೆ ಪ್ಯಾಡನ್ನು ಅದರ ಸ್ವಿಚ್ ಮೋಡ್‌ನಂಥ ಬೇರೆ ಮೋಡ್‌ನಲ್ಲಿ ಆನ್ ಮಾಡಿ, ಸ್ಟೀಮ್‌ನಂಥ ಮಧ್ಯವರ್ತಿ ಸಾಫ್ಟ್‌ವೇರ್ ಮೂಲಕ ಆಟಕ್ಕೆ ಮುಟ್ಟಿಸಬೇಕು. "ಬಾಕ್ಸ್ ಮೇಲೆ ಗೈರೊ ಅಂತ ಬರೆದಿದೆ, ಪಿಸಿಯಲ್ಲಿ ಬರ್ತಾನೇ ಇಲ್ಲ" ಎನ್ನುವವರು ಪ್ಯಾಡ್ ವಾಪಸ್ ಕಳಿಸುವ ಮೊದಲು ಇದನ್ನು ನೋಡಿ.

ಬಟನ್‌ಗಳನ್ನು ಬದಲಿಸಲು ಮೂರು ಜಾಗಗಳಿವೆ: ಪ್ಯಾಡಿನೊಳಗೆ, ಸ್ಟೀಮ್‌ನಲ್ಲಿ, ಆಟದ ಸೆಟ್ಟಿಂಗ್ಸ್‌ನಲ್ಲಿ. ಒಂದೇ ಬಟನನ್ನು ಎರಡು ಕಡೆ ಬದಲಿಸಿದಿರೋ, ಏನು ಒತ್ತಿದರೆ ಏನಾಗುತ್ತದೆ ಎಂದು ಒಂದು ವಾರದ ನಂತರ ನಿಮಗೇ ತಿಳಿಯುವುದಿಲ್ಲ. ನಾವು ಒಂದು ನಿಯಮ ಮಾಡಿಕೊಂಡೆವು. ಎಲ್ಲ ಆಟಕ್ಕೂ ಒಂದೇ ಇರಬೇಕಾದದ್ದು ಪ್ಯಾಡಿನಲ್ಲಿ. ಆಟವೇ ಬದಲಿಸಲು ಬಿಟ್ಟರೆ ಆಟದಲ್ಲಿ, ಆಗ ಪರದೆಯ ಮೇಲೆ ಬರುವ ಸೂಚನೆಯೂ ಸರಿಯಾಗಿರುತ್ತದೆ. ಎರಡರಲ್ಲೂ ಆಗದಿದ್ದರೆ ಮಾತ್ರ ಸ್ಟೀಮ್.

ಪ್ಯಾಡಿನಲ್ಲಿ ಮಾಡಿದ್ದು ಎರಡೇ. ಬಲ ಹಿಂಬದಿ ಬಟನ್‌ಗೆ ಎ ಕೊಟ್ಟೆವು, ಯಾಕೆಂದರೆ ಹಾರುವುದು, ಆಯ್ಕೆ ಮಾಡುವುದು ಎಲ್ಲ ಅದರಲ್ಲೇ. ಎಡ ಹಿಂಬದಿ ಬಟನ್‌ಗೆ ಎಡ ಸ್ಟಿಕ್ಕನ್ನು ಒಳಗೆ ಒತ್ತುವ ಕೆಲಸ ಕೊಟ್ಟೆವು. ಅದನ್ನು ಯಾಕೆ ಆರಿಸಿದೆವು ಎಂದು ಮುಂದೆ ಗೊತ್ತಾಗುತ್ತದೆ.

ಮೊದಲ ಆಟ ಯೂರೋ ಟ್ರಕ್ ಸಿಮ್ಯುಲೇಟರ್ 2. ಅವಸರವಿಲ್ಲದ ಆಟ, ಲೋಡ್ ಹಾಕಿಕೊಂಡು ಹೆದ್ದಾರಿಯಲ್ಲಿ ಹೋಗುತ್ತಿರುವುದು. ರೂಢಿಯಲ್ಲಿ ವೇಗ ಬಲ ಟ್ರಿಗರ್‌ಗೆ, ಬ್ರೇಕ್ ಎಡ ಟ್ರಿಗರ್‌ಗೆ. ನಾವು ಆಟದ ಸೆಟ್ಟಿಂಗ್ಸ್‌ನಲ್ಲೇ ಎರಡನ್ನೂ ಅದಲುಬದಲು ಮಾಡಿದೆವು. ಎಡ ತೋರುಬೆರಳು ವೇಗ, ಬಲಗೈಯ ನಡುಬೆರಳು ಬ್ರೇಕ್. ಬ್ರೇಕ್ ಯಾವಾಗಲೋ ಒಮ್ಮೆ ಬೇಕು, ವೇಗ ಗಂಟೆಗಟ್ಟಲೆ ಬೇಕು. ದಣಿಯದ ಬೆರಳಿಗೆ ಉದ್ದದ ಕೆಲಸ. ಇಲ್ಲಿ ಇನ್ನೊಂದು ಮಾತು: ಎಕ್ಸ್‌ಬಾಕ್ಸ್ ಮಾದರಿಯ ಪ್ಯಾಡನ್ನು ಹಳೆಯ ಡೈರೆಕ್ಟ್‌ಇನ್‌ಪುಟ್ ಮೂಲಕ ಓದುವ ರೇಸಿಂಗ್ ಆಟಗಳಲ್ಲಿ ಎರಡೂ ಟ್ರಿಗರ್ ಒಂದೇ ಅಕ್ಷವಾಗಿ ಕಾಣುತ್ತವೆ. ಎರಡನ್ನೂ ಒಟ್ಟಿಗೆ ಒತ್ತಿದರೆ ಒಂದನ್ನೊಂದು ಕಳೆದುಹಾಕುತ್ತವೆ. ನಿಮ್ಮ ಕಾರು ಹಾಗೆ ಮಾಡಿದರೆ ಪ್ಯಾಡ್ ಕೆಟ್ಟಿದೆ ಎಂದುಕೊಳ್ಳಬೇಡಿ.

ಎರಡನೆಯದು ಇಟ್ ಟೇಕ್ಸ್ ಟೂ, 2021ರದು. ಒಬ್ಬರೇ ಆಡಲು ಬರುವುದೇ ಇಲ್ಲ, ಇಬ್ಬರೂ ಬೇಕು. ಒಬ್ಬರು ಕೊಂಡರೆ ಇನ್ನೊಬ್ಬರು ಫ್ರೆಂಡ್ಸ್ ಪಾಸ್‌ನಲ್ಲಿ ಪುಕ್ಕಟೆ ಆಡಬಹುದು. ಓಡುತ್ತ, ಹಾರುತ್ತ, ಕ್ಯಾಮೆರಾವನ್ನೂ ತಿರುಗಿಸಬೇಕು. ಅವನಿಗೆ ಬಲ ಸ್ಟಿಕ್ ಆಗದು. ಆದ್ದರಿಂದ ಸ್ಟೀಮ್‌ನಲ್ಲಿ ಗೈರೊವನ್ನು ಬಲ ಸ್ಟಿಕ್ ಆಗಿ ಮಾಡಿದೆವು. ಪ್ಯಾಡ್ ವಾಲಿಸಿದರೆ ಕ್ಯಾಮೆರಾ ತಿರುಗುತ್ತದೆ. ಗೈರೊಗೆ ಮೌಸ್ ಕೆಲಸ ಕೊಡುವ ಆಯ್ಕೆಯೂ ಇದೆ, ಅದು ಇನ್ನೂ ನಿಖರ. ಆದರೆ ಪ್ಯಾಡ್ ಮತ್ತು ಮೌಸ್ ಎರಡೂ ಬಂದರೆ ಕೆಲವು ಆಟಗಳು ಗೊಂದಲಕ್ಕೆ ಬಿದ್ದು ಪರದೆಯ ಸೂಚನೆಗಳನ್ನು ಕ್ಷಣಕ್ಷಣಕ್ಕೂ ಬದಲಿಸುತ್ತವೆ.

ಎರಡು ತೊಡಕು ಬಂದವು. ಒಂದು, ಸಣ್ಣಗೆ ವಾಲಿಸಿದರೆ ಏನೂ ಆಗುತ್ತಿರಲಿಲ್ಲ. ಸ್ಟಿಕ್ ಸ್ವಲ್ಪ ಅಲುಗಿದರೆ ಲೆಕ್ಕಕ್ಕಿಲ್ಲ ಎಂದು ಆಟಗಳು ಮಧ್ಯದಲ್ಲಿ ಒಂದು ಡೆಡ್‌ಝೋನ್ ಇಟ್ಟಿರುತ್ತವೆ, ನಮ್ಮ ಸಣ್ಣ ವಾಲಾಟವನ್ನು ಅದು ನುಂಗುತ್ತಿತ್ತು. ಸ್ಟೀಮ್‌ನಲ್ಲಿ ಕನಿಷ್ಠ ಔಟ್‌ಪುಟ್ ಏರಿಸಿ ಆ ಗಡಿ ದಾಟಿಸಿದೆವು. ಎರಡು, ಅವನು ಬೆನ್ನು ಸರಿಮಾಡಿಕೊಂಡರೂ ಕ್ಯಾಮೆರಾ ತಿರುಗುತ್ತಿತ್ತು. ಎಡ ಹಿಂಬದಿ ಬಟನ್ ಬೇಕಾಗಿದ್ದು ಇಲ್ಲೇ. ಅದು ಹಿಡಿದಿರುವಷ್ಟು ಹೊತ್ತು ಮಾತ್ರ ಗೈರೊ ಆನ್. ಸ್ಟೀಮ್‌ಗೆ ಹಿಂಬದಿ ಬಟನ್ ಬೇರೆಯಾಗಿ ಕಾಣುವುದಿಲ್ಲವಲ್ಲ, ಅದಕ್ಕೇ ಅವನು ಒತ್ತದ ಒಂದು ಬಟನ್‌ನ ವೇಷ ಹಾಕಿಸಿದ್ದೆವು. ಕೊನೆಗೆ ಎಕ್ಸ್ ಬಟನ್ ಉಳಿಯಿತು. ಎಡ ಬಂಪರ್ ಒತ್ತಿಹಿಡಿದಾಗ ಎ ಎಂಬುದೇ ಎಕ್ಸ್ ಆಗುವಂತೆ ಮಾಡಿದೆವು. ಕೀಬೋರ್ಡಿನ ಶಿಫ್ಟ್ ಕೀ ಇದ್ದ ಹಾಗೆ.

ಮೂರನೆಯದು ಅದೇ ನಮ್ಮ ಕ್ರಿಕೆಟ್ 07. ನಮ್ಮ ಕೈಗಳಿಗೆ ಅದರ ಕೀಬೋರ್ಡ್ ನೆನಪು ಮಾತ್ರ ಇದ್ದದ್ದು. ಅದನ್ನು ಸ್ಟೀಮ್‌ಗೆ ಹೊರಗಿನ ಆಟವಾಗಿ ಸೇರಿಸಿ, ಪ್ಯಾಡಿನ ಬಟನ್‌ಗಳಿಗೆ ಕೀಬೋರ್ಡಿನ ಕೀಗಳನ್ನೇ ಕೊಟ್ಟೆವು. ಆಟಕ್ಕೆ ಪ್ಯಾಡ್ ಇರುವುದೇ ಗೊತ್ತಿಲ್ಲ, ಯಾರೋ ಕೀ ಒತ್ತುತ್ತಿದ್ದಾರೆ ಎಂದೇ ತಿಳಿದಿರುತ್ತದೆ. ಅರ್ಧ ಗಂಟೆ ಒಂದು ಕೀಯೂ ತಲುಪದೆ ತಲೆ ಕೆಡಿಸಿಕೊಂಡೆವು. ಆಟವನ್ನು ಅಡ್ಮಿನಿಸ್ಟ್ರೇಟರ್ ಆಗಿ ತೆರೆದಿದ್ದೆವು, ಸ್ಟೀಮ್ ಸಾಮಾನ್ಯವಾಗಿ ಓಡುತ್ತಿತ್ತು. ಕೆಳಗಿನ ಅಧಿಕಾರದ ಪ್ರೋಗ್ರಾಂ ಮೇಲಿನದಕ್ಕೆ ಕೀ ಒತ್ತಲು ವಿಂಡೋಸ್ ಬಿಡುವುದಿಲ್ಲ. ಎರಡನ್ನೂ ಒಂದೇ ಮಟ್ಟಕ್ಕೆ ತಂದಾಗ ಸರಿಹೋಯಿತು.

ಎಲ್ಲವೂ ಆಗಲಿಲ್ಲ. ಮೊದಲು ಇಬ್ಬರೂ ಆಡುತ್ತಿದ್ದ ವೇಗದ ಶೂಟಿಂಗ್ ಆಟ ಇನ್ನೂ ಆಗುವುದಿಲ್ಲ, ಅದನ್ನು ಬಿಟ್ಟಿದ್ದೇವೆ. ಇನ್ನೂ ಹೆಚ್ಚಿನ ತೊಂದರೆ ಇರುವವರಿಗಾಗಿಯೇ ಮಾಡಿದ ಸಾಧನಗಳಿವೆ. 2018ರಲ್ಲಿ ಬಂದ ಎಕ್ಸ್‌ಬಾಕ್ಸ್ ಅಡಾಪ್ಟಿವ್ ಕಂಟ್ರೋಲರ್‌ನಲ್ಲಿ ಅಂಗೈಯಿಂದಲೇ ಒತ್ತಬಹುದಾದ ಎರಡು ದೊಡ್ಡ ಬಟನ್‌ಗಳಿವೆ, ಬೇಕಾದ ಸ್ವಿಚ್‌ಗಳನ್ನು ಚುಚ್ಚಿಕೊಳ್ಳಲು ಹಿಂದೆ 19 ಜಾಕ್‌ಗಳಿವೆ. ಸೋನಿಯ ಆಕ್ಸೆಸ್ ಕಂಟ್ರೋಲರ್ 2023ರಲ್ಲಿ ಬಂತು, ಅದು ಪ್ಲೇಸ್ಟೇಷನ್ 5ಕ್ಕೆ. ನಿಮ್ಮ ಮನೆಯಲ್ಲಿ ಯಾರಾದರೂ "ಇನ್ನು ನನ್ನಿಂದ ಆಗಲ್ಲ" ಎಂದು ಪ್ಯಾಡ್ ಕೆಳಗಿಟ್ಟಿದ್ದರೆ ಮೊದಲು ಆ ಮೂರು ಕಾಲಂನ ಹಾಳೆ ತೆಗೆಯಿರಿ. ಏನು ಕೊಳ್ಳಬೇಕು, ಕೊಳ್ಳಬೇಕೋ ಬೇಡವೋ ಎಂಬುದನ್ನು ಆ ಹಾಳೆಯೇ ಹೇಳುತ್ತದೆ.

ಭಾನುವಾರ ಮತ್ತೆ ಶುರುವಾಗಿದೆ. ಮುಕ್ಕಾಲು ಗಂಟೆ ಆಡುತ್ತೇವೆ, ಕೈ ನೋವು ಬರುವ ಮೊದಲೇ ನಿಲ್ಲಿಸುತ್ತೇವೆ, ಆಮೇಲೆ ಅಷ್ಟೇ ಹೊತ್ತು ಮಾತು. ಹೋದ ತಿಂಗಳು ಅವನೇ ಹಡಪ್ಸರ್‌ಗೆ ಬಂದಿದ್ದ. ಹಳೇ ಕ್ರಿಕೆಟ್ ಹಾಕಿದೆವು. ಅವನು ತನ್ನ ಪ್ಯಾಡಿನಲ್ಲಿ, ನಾನು ಕೀಬೋರ್ಡಿನಲ್ಲಿ. ಎರಡನೇ ಓವರ್‌ನಲ್ಲೇ ಬೌಲ್ಡ್ ಆದೆ. ಈ ಕೀಬೋರ್ಡ್ ಯಾಕೋ ಸರಿಯಿಲ್ಲ ಎಂದು ಗೊಣಗಿದೆ. ಹದಿನೆಂಟು ವರ್ಷದಿಂದ ಕಾದಿದ್ದವನ ಹಾಗೆ ತಕ್ಷಣ ಹೇಳಿದ:

"ಕೀಬೋರ್ಡ್ ಚಲೋ ಐತಿ. ನಿನ್ನ ಕೈ ಸರಿ ಇಲ್ಲ."