ಕಾರಣ ಹೇಳದ ತೀರ್ಪು

ಪುಣೆಯಲ್ಲಿ ನೆಲೆಸಿರುವ ನಮ್ಮ ಬಳಗದ ಹಿರಿಯರೊಬ್ಬರು ಊರಿನಲ್ಲಿದ್ದ ಪಿತ್ರಾರ್ಜಿತ ಹೊಲವನ್ನು ಮಾರಿ, ಬಂದ ಹಣವನ್ನು ಬ್ಯಾಂಕಿಗೆ ಕಟ್ಟಿದರು. ತೆರಿಗೆ ಅಧಿಕಾರಿಗಳು ಅದನ್ನು ಮೂಲ ತಿಳಿಯದ ಹಣವೆಂದು ಎಣಿಸಿ ತೆರಿಗೆ ವಿಧಿಸಿದರು. ಹಿರಿಯರು ಕ್ರಯಪತ್ರವನ್ನೂ ಪಹಣಿಯನ್ನೂ ಲಗತ್ತಿಸಿ ಮೇಲ್ಮನವಿ ಸಲ್ಲಿಸಿದರು. ಎರಡು ವರ್ಷಗಳ ಬಳಿಕ ಬಂದ ಆದೇಶದ ತಿರುಳು ಇಷ್ಟೇ: ವಿವರಣೆ ಸಮಾಧಾನಕರವಾಗಿಲ್ಲ, ಮೇಲ್ಮನವಿ ವಜಾ. ಕನ್ನಡದಲ್ಲಿದ್ದ ಆ ಪಹಣಿಯನ್ನು ಯಾರಾದರೂ ಓದಿದರೇ, ಓದಿಸಿ ಕೇಳಿದರೇ ಎಂಬುದು ಅದರಿಂದ ತಿಳಿಯದು. ಸೋಲಿಗಿಂತಲೂ ಸೋತದ್ದೇಕೆಂದು ತಿಳಿಯದಿರುವುದೇ ಅವರನ್ನು ಹೆಚ್ಚು ನೋಯಿಸಿತು.

ಅವರ ನೋವಿಗೆ ಕಾನೂನಿನ ಬೆಂಬಲವಿದೆ. 1961ರ ಆದಾಯ ತೆರಿಗೆ ಕಾಯ್ದೆಯ 250(6)ನೇ ಕಲಮಿನಂತೆ ಮೇಲ್ಮನವಿ ಆಯುಕ್ತರ ಆದೇಶವು ಲಿಖಿತವಾಗಿದ್ದು, ತೀರ್ಮಾನಿಸಬೇಕಾದ ಅಂಶಗಳನ್ನೂ ಅವುಗಳ ಮೇಲಿನ ನಿರ್ಣಯವನ್ನೂ ನಿರ್ಣಯದ ಕಾರಣವನ್ನೂ ಹೇಳಬೇಕು. 1976ರಲ್ಲಿ ಸೀಮೆನ್ಸ್ ಎಂಜಿನಿಯರಿಂಗ್ ಕಂಪನಿಯ ಸುಂಕದ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು ಕಾರಣ ನೀಡುವುದು ಸಹಜ ನ್ಯಾಯದ ಮೂಲತತ್ತ್ವವೆಂದೂ, ಹೆಸರಿಗಷ್ಟೇ ಅದನ್ನು ಪಾಲಿಸಿದರೆ ಸಾಲದೆಂದೂ ಸಾರಿತು. ಮೇಲ್ಮನವಿದಾರರು ಹಾಜರಾಗಲಿಲ್ಲವೆಂಬ ಒಂದೇ ನೆಪದಿಂದ ಆಯುಕ್ತರು ಮನವಿಯನ್ನು ತಳ್ಳಿಹಾಕುವಂತಿಲ್ಲ, ಗುಣದೋಷಗಳನ್ನು ನೋಡಿಯೇ ತೀರ್ಮಾನಿಸಬೇಕು ಎಂದು ಮುಂಬಯಿ ಉಚ್ಚ ನ್ಯಾಯಾಲಯ 2016ರಲ್ಲಿ ಹೇಳಿದೆ.

ಬಾಕಿ ಉಳಿದ ಮನವಿಗಳ ರಾಶಿಯ ನಡುವೆ ಪ್ರತಿಯೊಂದಕ್ಕೂ ದೀರ್ಘ ತೀರ್ಪು ಬರೆಯಲಾದೀತೇ ಎಂದು ಅಧಿಕಾರಿಗಳು ಕೇಳಬಹುದು. ನಾವು ಕೇಳುತ್ತಿರುವುದು ದೀರ್ಘ ತೀರ್ಪನ್ನಲ್ಲ. ಈ ಪ್ರಕರಣದಲ್ಲಿ ಪ್ರಶ್ನೆಗಳು ಮೂರೇ: ಕ್ರಯಪತ್ರ ನಿಜವೇ? ಮಾರಿದ್ದು ತೆರಿಗೆಗೆ ಒಳಪಡದ ಗ್ರಾಮೀಣ ಕೃಷಿಭೂಮಿಯೇ? ಬ್ಯಾಂಕಿಗೆ ಬಂದದ್ದು ಅದೇ ಹಣವೇ? ಒಂದೊಂದಕ್ಕೆ ನಾಲ್ಕು ವಾಕ್ಯಗಳ ಉತ್ತರ ಸಾಕು. ಅದನ್ನು ಬರೆಯದೆ ಉಳಿಸಿದ ಸಮಯ ಉಳಿತಾಯವೂ ಅಲ್ಲ. ಕಾರಣವಿಲ್ಲದ ಆದೇಶ ನ್ಯಾಯಮಂಡಳಿಗೆ ಹೋದರೆ, ಹೊಸದಾಗಿ ತೀರ್ಮಾನಿಸಿರೆಂದು ಅದು ಮರಳಿ ಬರುವ ಸಂಭವವೇ ಹೆಚ್ಚು. ನಡುವಿನ ವರ್ಷಗಳ ಖರ್ಚೂ ಆತಂಕವೂ ಮನವಿದಾರರ ಪಾಲಿಗೆ.

2020ರಿಂದ ಬಹುಪಾಲು ಮೇಲ್ಮನವಿಗಳು ಮುಖಾಮುಖಿಯಿಲ್ಲದೆ, ಗಣಕಯಂತ್ರದ ಮೂಲಕವೇ ನಡೆಯುತ್ತಿವೆ. ಪ್ರಭಾವಕ್ಕೂ ಲಂಚಕ್ಕೂ ಎಡೆಯಿಲ್ಲದಂತೆ ಮಾಡುವ ಆ ಉದ್ದೇಶವನ್ನು ನಾವು ಒಪ್ಪುತ್ತೇವೆ. ಆದರೆ ತೀರ್ಪು ಕೊಡುವವರ ಮುಖ ಕಾಣದಿದ್ದಾಗ, ತಮ್ಮ ಮಾತು ಅವರ ಕಿವಿಗೆ ಬಿತ್ತೆಂಬುದಕ್ಕೆ ಮನವಿದಾರರಿಗೆ ಆದೇಶದ ಬರಹವೊಂದೇ ಸಾಕ್ಷಿ. ಆ ಬರಹವೂ ಮೌನವಾದರೆ ಉಳಿಯುವುದು ಅಪನಂಬಿಕೆ.

ನಮ್ಮ ಕಡೆಯ ಹೊಣೆಯೂ ಇದೆ. ನೋಟಿಸಿಗೆ ಅವಧಿಯೊಳಗೆ ಉತ್ತರಿಸಬೇಕು. ಊರಿನ ಕಾಗದಪತ್ರಗಳ ಜೊತೆಗೆ ಇಂಗ್ಲಿಷ್ ಅನುವಾದವನ್ನೂ ಇಡಬೇಕು. ಇಷ್ಟು ಮಾಡಿದ ಮೇಲೆ, ಅವನ್ನು ಓದಿದ್ದೇವೆ, ಈ ಕಾರಣಕ್ಕೆ ಒಪ್ಪಲಿಲ್ಲ ಎಂಬ ಮಾತನ್ನು ಕೇಳುವ ಹಕ್ಕು ನಮಗಿದೆ. ತೆರಿಗೆ ಕಟ್ಟಬೇಕಾಗಿ ಬಂದರೆ ಕಟ್ಟೋಣ. ಏಕೆಂದು ತಿಳಿದು ಕಟ್ಟೋಣ.