ಓದಿದ ಸುದ್ದಿಯನ್ನು ನೆನಪಿಡುವವರು

ಇಪ್ಪತ್ತು ಇಪ್ಪತ್ತೈದು ವರ್ಷ ಒಂದೇ ಮುಖ ದಿನಾ ನಡುಮನೆಗೆ ಬಂದು ವಾರ್ತೆ ಹೇಳಿದರೆ ಅದು ಮನೆಯವರ ಮುಖವೇ ಆಗಿಬಿಡುತ್ತದೆ. ಆ ನಿರೂಪಕಿ ಯಾವುದಾದರೂ ಮದುವೆಯಲ್ಲಿ ಎದುರಾದರೆ ಜನ ‘ಅಕ್ಕಾ, ನಿಮ್ಮನ್ನ ದಿನಾ ನೋಡ್ತೀವಲ್ಲ’ ಎಂದು ಹಳೇ ನೆಂಟರಂತೆ ಮಾತಿಗಿಳಿಯುತ್ತಾರೆ. ಬಳಕೆಯಿಂದ ಬಂದ ಈ ಸಲುಗೆಯೇ ನಂಬಿಕೆ ಎಂದು ಹೇಳಲು ಬರುವುದಿಲ್ಲ. ಇಷ್ಟು ವರ್ಷ ಸುದ್ದಿ ಹೇಳಿದ್ದಾರೆ ಎಂಬ ಕಾರಣಕ್ಕೆ ಒಬ್ಬರ ಮಾತಿಗೆ ಹೆಚ್ಚು ತೂಕ ಬರಬೇಕೇ? ಬರಬೇಕು ಎಂದೇ ನಾನು ನಂಬಿದ್ದೇನೆ. ಆದರೆ ಆ ತೂಕವನ್ನು ನಮ್ಮ ಸುದ್ದಿವಾಹಿನಿಗಳು ಇಂದು ಬಳಸುತ್ತಿರುವ ರೀತಿ ಸರಿಯಿಲ್ಲ.

1981ರ ನವೆಂಬರ್ 1ರಂದು ಬೆಂಗಳೂರು ದೂರದರ್ಶನ ಶುರುವಾಗುವ ಹೊತ್ತಿಗೆ ಕನ್ನಡಿಗರ ಕಿವಿ ವಾರ್ತೆಗೆ ಚೆನ್ನಾಗಿ ಪಳಗಿತ್ತು. ಆಕಾಶವಾಣಿಯ ದೆಹಲಿ ವಾರ್ತೆಯಲ್ಲಿ ಕೇಳುತ್ತಿದ್ದ ಉಪೇಂದ್ರ ರಾವ್, ರಂಗರಾವ್ ಅವರ ಹೆಸರುಗಳು ಹಳ್ಳಿಯ ಹೋಟೆಲುಗಳಲ್ಲೂ ಬಾಯಿಪಾಠವಾಗಿದ್ದವು. ಹಿಂದಿಯಲ್ಲಿ ಸಲ್ಮಾ ಸುಲ್ತಾನ್ ಇದ್ದರು. 1984ರ ಅಕ್ಟೋಬರ್ 31ರ ಸಂಜೆ ಇಂದಿರಾ ಗಾಂಧಿಯವರ ಹತ್ಯೆಯ ಸುದ್ದಿಯನ್ನು ದೂರದರ್ಶನದಲ್ಲಿ ಓದಿದವರು ಅವರೇ. ಆ ತಲೆಮಾರಿನ ಸಂಯಮವನ್ನು ಈಗ ಎಲ್ಲರೂ ಹೊಗಳುತ್ತಾರೆ. ನನಗೂ ಆ ದನಿಗಳ ಮೇಲೆ ಪ್ರೀತಿಯಿದೆ. ಆದರೆ ಅವರ ಮುಂದಿದ್ದ ಹಾಳೆ ಸರ್ಕಾರದ್ದು ಎಂಬುದನ್ನು ಮರೆಯಬಾರದು. 1975ರಿಂದ 77ರವರೆಗಿನ ತುರ್ತು ಪರಿಸ್ಥಿತಿಯಲ್ಲೂ ವಾರ್ತೆಯ ಉಚ್ಚಾರ ಅಷ್ಟೇ ಸ್ಪಷ್ಟವಾಗಿತ್ತು, ದನಿ ಅಷ್ಟೇ ಸಮಾಧಾನವಾಗಿತ್ತು. ಸರ್ಕಾರಕ್ಕೆ ಬೇಡವಾದ ಸುದ್ದಿ ಮಾತ್ರ ಅದರಲ್ಲಿ ಇರುತ್ತಿರಲಿಲ್ಲ.

ಆಮೇಲೆ ಖಾಸಗಿ ವಾಹಿನಿಗಳು ಬಂದವು. 2006ರ ಕೊನೆಗೆ ಟಿವಿ9, 2008ರಲ್ಲಿ ಸುವರ್ಣ ನ್ಯೂಸ್, 2012ರಲ್ಲಿ ಎಚ್.ಆರ್. ರಂಗನಾಥ್ ಅವರ ಪಬ್ಲಿಕ್ ಟಿವಿ. ಹಾಳೆ ನೋಡಿ ಓದುವವರ ಜಾಗಕ್ಕೆ ತಮ್ಮ ಮಾತನ್ನೇ ಆಡುವವರು ಬಂದರು. ಇದರಲ್ಲಿ ಒಳ್ಳೆಯದೂ ಇತ್ತು. ಮಂತ್ರಿಯನ್ನು ಕೂರಿಸಿಕೊಂಡು ಮುಖಕ್ಕೆ ಮುಖ ಕೊಟ್ಟು ಕೇಳುವ ಧೈರ್ಯವನ್ನು ಕನ್ನಡ ಟಿವಿ ಕಲಿತದ್ದು ಆಗಲೇ. ಆದರೆ ಹಿರಿತನ ಎಂದರೆ ಎಲ್ಲದರ ಮೇಲೂ ತೀರ್ಪು ಕೊಡುವ ಪರವಾನಗಿ ಎಂಬ ಭಾವನೆಯೂ ಆಗಲೇ ಬೇರೂರಿತು.

ಇದಕ್ಕೆ ಬೇರೆಯ ಮಾದರಿಯೂ ಇದೆ. ಅಮೆರಿಕದ ವಾಲ್ಟರ್ ಕ್ರಾಂಕೈಟ್ 1962ರಿಂದ 1981ರವರೆಗೆ ಸಿಬಿಎಸ್ ವಾಹಿನಿಯ ಸಂಜೆ ವಾರ್ತೆ ನಡೆಸಿಕೊಟ್ಟವರು. ಅವರನ್ನು ಇಂದಿಗೂ ನೆನೆಯುವುದು 1968ರ ಫೆಬ್ರುವರಿಯಲ್ಲಿ ಆಡಿದ ಒಂದು ಮಾತಿಗಾಗಿ. ಅವರು ವಿಯೆಟ್ನಾಂಗೆ ಸ್ವತಃ ಹೋಗಿ ನೋಡಿ ಬಂದು, ಇದು ನನ್ನ ಸ್ವಂತ ಅಭಿಪ್ರಾಯ ಎಂದು ಮೊದಲೇ ಹೇಳಿ, ಈ ಯುದ್ಧ ಗೆಲ್ಲುವ ಹಾದಿಯಲ್ಲಿಲ್ಲ ಎಂದರು. ದಿನಾ ರಾತ್ರಿ ಅಭಿಪ್ರಾಯ ಹೇಳುತ್ತಿದ್ದರೆ ಆ ಒಂದು ರಾತ್ರಿಗೆ ಬೆಲೆ ಬರುತ್ತಿರಲಿಲ್ಲ.

ಹಾಗಾದರೆ ಉಳಿದ ರಾತ್ರಿಗಳಲ್ಲಿ ಹಿರಿಯ ನಿರೂಪಕರು ಕೊಡಬೇಕಾದದ್ದೇನು? ನೆನಪು. ಚೆಂದದ ದನಿ, ತಡವರಿಸದ ನಾಲಿಗೆ, ಕ್ಯಾಮೆರಾದ ಮುಂದಿನ ಧೈರ್ಯ ಎಲ್ಲವೂ ಇಪ್ಪತ್ತೈದರ ಹುಡುಗಿಗೂ ಇರಬಲ್ಲದು. ಇಪ್ಪತ್ತು ವರ್ಷದ ಸುದ್ದಿಯನ್ನು ಸ್ವತಃ ಓದಿದ ನೆನಪು ಮಾತ್ರ ಅವಳಿಗೆ ಇರಲು ಸಾಧ್ಯವಿಲ್ಲ.

ಆ ನೆನಪು ಇಲ್ಲದಿದ್ದರೆ ಏನಾಗುತ್ತದೆ ಎಂಬುದಕ್ಕೆ ರಾಮನಗರವನ್ನೇ ನೋಡಿ. ಬೆಂಗಳೂರಿನ ಸ್ಟುಡಿಯೋಗಳಿಗೆ ಇಷ್ಟು ಹತ್ತಿರವಿದ್ದೂ ಇಷ್ಟು ಅಪರಿಚಿತವಾಗಿ ಉಳಿದ ಜಿಲ್ಲೆ ಇನ್ನೊಂದಿಲ್ಲ. 1994ರಲ್ಲಿ ಇಲ್ಲಿಂದ ಗೆದ್ದ ದೇವೇಗೌಡರು ಮುಖ್ಯಮಂತ್ರಿಯಾದರು, ಎರಡೇ ವರ್ಷಕ್ಕೆ ಪ್ರಧಾನಿಯಾದರು. 2007ರ ಆಗಸ್ಟ್ 23ರಂದು, ಅವರ ಮಗ ಕುಮಾರಸ್ವಾಮಿಯವರು ಮುಖ್ಯಮಂತ್ರಿಯಾಗಿದ್ದಾಗ, ರಾಮನಗರ, ಚನ್ನಪಟ್ಟಣ, ಕನಕಪುರ, ಮಾಗಡಿ ಸೇರಿ ಹೊಸ ಜಿಲ್ಲೆಯಾಯಿತು. 2018ರ ನವೆಂಬರ್‌ನ ರಾಮನಗರ ಉಪಚುನಾವಣೆಯಲ್ಲಿ ಮತದಾನಕ್ಕೆ ಎರಡೇ ದಿನ ಇರುವಾಗ ಬಿಜೆಪಿ ಅಭ್ಯರ್ಥಿ ಕಾಂಗ್ರೆಸ್ಸಿಗೆ ಮರಳಿದರು. 2024ರಲ್ಲಿ ಚನ್ನಪಟ್ಟಣದ ಉಪಚುನಾವಣೆ, ಕುಮಾರಸ್ವಾಮಿಯವರ ಮಗ ನಿಖಿಲ್ ಎದುರು ಕಾಂಗ್ರೆಸ್ಸಿನ ಯೋಗೇಶ್ವರ್ ಗೆಲುವು. ಟಿವಿಯ ಪಾಲಿಗೆ ಈ ನಾಲ್ಕೂ ತಾಲ್ಲೂಕು ಒಂದು ಕುಸ್ತಿ ಅಖಾಡ. ದೇವೇಗೌಡರ ಮತ್ತು ಡಿ.ಕೆ. ಶಿವಕುಮಾರ್ ಅವರ ಮನೆತನಗಳ ಜಿದ್ದು ಇದ್ದಾಗ ಕ್ಯಾಮೆರಾ ಬರುತ್ತದೆ, ಎಣಿಕೆ ಮುಗಿದ ಸಂಜೆಯೇ ಗಂಟುಮೂಟೆ ಕಟ್ಟುತ್ತದೆ.

ಅದೇ ರಾಮನಗರದ ರೇಷ್ಮೆಗೂಡು ಮಾರುಕಟ್ಟೆಗೆ ಒಂದು ಬೆಳಗ್ಗೆ ಹೋಗಿ ನಿಲ್ಲಬೇಕು. ಹಗಲೂ ರಾತ್ರಿ ಸೊಪ್ಪು ಹಾಕಿ, ಹುಳು ಪೊರೆ ಬಿಡುವ ನಾಲ್ಕು ಜ್ವರ ಕಳೆದು, ಹಣ್ಣಾದ ಹುಳುವನ್ನು ಗೂಡು ಕಟ್ಟುವ ಚಂದ್ರಿಕೆಗೆ ಬಿಟ್ಟು, ಗೂಡು ಬಿಡಿಸಿ ತಂದ ರೈತ ತನ್ನ ರಾಶಿಯ ಪಕ್ಕದಲ್ಲೇ ನಿಂತಿರುತ್ತಾನೆ. ನೂಲು ತೆಗೆಯುವ ರೀಲರ್ ಬಂದು ರಾಶಿಯೊಳಗೆ ಕೈಹಾಕಿ ಒಂದು ಹಿಡಿ ಎತ್ತುತ್ತಾನೆ, ಅಮುಕಿ ನೋಡುತ್ತಾನೆ, ಏನೂ ಹೇಳದೆ ಮುಂದಿನ ರಾಶಿಗೆ ಹೋಗುತ್ತಾನೆ. ದರ ಹಿಡಿಸಲಿಲ್ಲ ಎಂದು ಗೂಡನ್ನು ಮನೆಗೆ ಕೊಂಡೊಯ್ದು ತಿಂಗಳು ಕಾಯುವಂತಿಲ್ಲ. ಚಿಟ್ಟೆ ಗೂಡು ಕೊರೆದು ಹೊರಬಂದರೆ ನೂಲು ತುಂಡುತುಂಡು. ಅಂದಿನ ದರಕ್ಕೆ ಅಂದೇ ತಲೆಬಾಗಬೇಕು. 2011ರ ಕೇಂದ್ರ ಬಜೆಟ್ಟಿನಲ್ಲಿ ಕಚ್ಚಾ ರೇಷ್ಮೆಯ ಆಮದು ಸುಂಕ ಶೇ 30ರಿಂದ ಶೇ 5ಕ್ಕೆ ಇಳಿದು ಚೀನಾದ ನೂಲು ಅಗ್ಗವಾದಾಗ ಈ ರಾಶಿಗಳ ಬೆಲೆ ನೆಲಕಚ್ಚಿತು. ಆ ಬಜೆಟ್ಟಿನ ಸುದ್ದಿಯನ್ನು ಅಂದು ಓದಿದವರಲ್ಲಿ ಹಲವರು ಇಂದೂ ತೆರೆಯ ಮೇಲಿದ್ದಾರೆ. ಗೂಡಿನ ದರ ಮತ್ತೆ ಬಿದ್ದ ದಿನ ‘ಇದು ಹಿಂದೆಯೂ ಹೀಗೇ ಆಗಿತ್ತು, ಕಾರಣ ಇದು’ ಎಂದು ಅವರು ಒಂದು ನಿಮಿಷ ಹೇಳಿದರೆ ಸಾಕು. ಅದು ಸ್ವಂತ ಅಭಿಪ್ರಾಯವೂ ಅಲ್ಲ, ಬರೀ ಓದೂ ಅಲ್ಲ. ಆ ಕೆಲಸ ದೀರ್ಘಕಾಲ ಅಲ್ಲಿ ಕೂತವರಿಗೆ ಮಾತ್ರ ಸಾಧ್ಯ.

ವರದಿಗಾರರು ಇದ್ದಾರಲ್ಲ, ನೆನಪು ಅವರ ಕೆಲಸ ಎನ್ನಬಹುದು. ಒಪ್ಪುತ್ತೇನೆ. ತಾಲ್ಲೂಕಿನ ವರದಿಗಾರರಷ್ಟು ಬಲ್ಲವರು ಬೇರೆ ಯಾರೂ ಇಲ್ಲ. ಆದರೆ ತೆರೆಯ ಮೇಲೆ ಅವರಿಗೆ ಸಿಗುವುದು ಅರ್ಧ ನಿಮಿಷ, ಅದರಲ್ಲೂ ನಡುವೆ ಬಾಯಿ ಹಾಕುವವರು ನಿರೂಪಕರೇ. ಸಮಯ ಯಾರ ಕೈಯಲ್ಲಿದೆಯೋ ಹೊಣೆಯೂ ಅವರದೇ.

ಇನ್ನೊಂದು ಮಾತು ನನ್ನನ್ನು ಬಹಳ ನೋಯಿಸುತ್ತದೆ. ಗಂಡಸಿನ ತಲೆ ನರೆತರೆ ವಾಹಿನಿಗೆ ಗಾಂಭೀರ್ಯ ಬಂತು ಎನ್ನುತ್ತೇವೆ. ಹೆಣ್ಣಿನ ತಲೆ ನರೆಯುವ ಮೊದಲೇ ಹೊಸ ಮುಖ ಹುಡುಕುತ್ತೇವೆ. 2024ರ ಜುಲೈ 11ರಂದು ಅಪರ್ಣಾ ತೀರಿಕೊಂಡಾಗ ನಾಡು ಮರುಗಿದ ಬಗೆ ನೋಡಿ. ಅವರು ವಾರ್ತೆಗಿಂತ ನಿರೂಪಣೆಯಿಂದ ಹೆಸರಾದವರು. ಕನಕಪುರದ ಬಸ್ಸಿಳಿದು ಮೆಟ್ರೊ ಹತ್ತುವವರ ಕಿವಿಗೂ ಅಲ್ಲಿನ ಪ್ರಕಟಣೆಗಳಿಂದ ಅವರ ದನಿ ಬಳಕೆಯದಾಗಿತ್ತು. ಮೂರು ದಶಕ ಮಾಗಿದ ಒಂದು ಹೆಣ್ಣುದನಿಗೆ ಕೇಳುಗರು ಎಷ್ಟು ಜಾಗ ಕೊಡುತ್ತಾರೆ ಎಂಬುದಕ್ಕೆ ಬೇರೆ ಪುರಾವೆ ಬೇಕಿಲ್ಲ. ಸುದ್ದಿಕೋಣೆಯಿಂದ ಒಬ್ಬ ಹಿರಿಯ ನಿರೂಪಕಿ ಹೊರನಡೆದಾಗ ಅವರ ಜೊತೆಗೆ ಅಷ್ಟು ವರ್ಷಗಳ ಸುದ್ದಿಯೂ ಹೊರನಡೆಯುತ್ತದೆ. ಆ ನಷ್ಟವನ್ನು ಯಾವ ಟಿಆರ್‌ಪಿಯೂ ಲೆಕ್ಕ ಹಿಡಿಯುವುದಿಲ್ಲ.

2025ರ ಮೇ 22ರಂದು ರಾಮನಗರ ಜಿಲ್ಲೆಗೆ ‘ಬೆಂಗಳೂರು ದಕ್ಷಿಣ’ ಎಂದು ಹೆಸರಿಡಲು ರಾಜ್ಯ ಸಂಪುಟ ತೀರ್ಮಾನಿಸಿತು. ಚರ್ಚೆ ಮತ್ತೆ ಡಿ.ಕೆ. ಶಿವಕುಮಾರ್ ಮತ್ತು ಕುಮಾರಸ್ವಾಮಿಯವರ ಸುತ್ತಲೇ ಗಿರಕಿ ಹೊಡೆಯಿತು. ಹೊಸ ಹೆಸರಿನಿಂದ ಜಮೀನಿಗೆ ಬೆಲೆ ಬರುತ್ತದೆ ಎಂದರು ಕೆಲವರು, ಊರಿನ ಗುರುತೇ ಹೋಗುತ್ತದೆ ಎಂದರು ಕೆಲವರು. 2007ರಲ್ಲಿ ಜಿಲ್ಲೆಯಾದ ಸುದ್ದಿ ಓದಿದವರು ಅಂಥ ಚರ್ಚೆಯಲ್ಲಿ ಎರಡೂ ಕಡೆಯವರನ್ನು ತಡೆದು ಕೇಳಬೇಕಾದದ್ದು ಇಷ್ಟು: ಅಂದು ನೀವು ಈ ಜನಕ್ಕೆ ಏನು ಹೇಳಿದ್ದಿರಿ? ಮಾಗಡಿಗೆ ಏನು ಬಂತು, ಕನಕಪುರಕ್ಕೆ ಏನು ಬಂತು, ಚನ್ನಪಟ್ಟಣದ ಗೊಂಬೆ ಮಾಡುವವರ ಮಕ್ಕಳು ಈಗ ಯಾವ ಕೆಲಸದಲ್ಲಿದ್ದಾರೆ? ಉತ್ತರ ಬರುವವರೆಗೆ ಮುಂದಿನ ಸುದ್ದಿಗೆ ಹೋಗಬಾರದು.