ಉಂಡ ಮನೆಯ ಜಂತೆ

ಹೋದ ತಿಂಗಳು ನಮ್ಮ ಬಳಗದ ಸಭೆಯಲ್ಲಿ ಒಂದು ಪ್ರಬಂಧವನ್ನು ಓದಲಾಯಿತು. ಬ್ರಿಟನ್ನಿನ ಶ್ರೀಮಂತ ಮನೆತನಗಳ ಹಳ್ಳಿಗಾಡಿನ ಮಹಲುಗಳು ಅದರ ವಿಷಯ. ವೇಲ್ಸಿನ ಪೋವಿಸ್ ಕ್ಯಾಸಲ್ ಎಂಬ ಅಂಥದೊಂದು ಮನೆಯಲ್ಲಿ ಟಿಪ್ಪು ಸುಲ್ತಾನನ ಡೇರೆ ಇಂದಿಗೂ ಇದೆ. 1799ರಲ್ಲಿ ಶ್ರೀರಂಗಪಟ್ಟಣ ಬಿದ್ದಾಗ ಮದರಾಸಿನ ಗವರ್ನರನಾಗಿದ್ದವನು ಎಡ್ವರ್ಡ್ ಕ್ಲೈವ್, ಪ್ಲಾಸಿಯ ಕ್ಲೈವನ ಮಗ. ಅವನ ಹೆಂಡತಿ ಹೆನ್ರಿಯೆಟಾ ಪೋವಿಸ್ ಮನೆತನದ ಹೆಣ್ಣುಮಗಳು. ಹೂಬಳ್ಳಿಯ ಚಿತ್ತಾರವುಳ್ಳ ಆ ಡೇರೆ ಹೀಗೆ ಆ ಮನೆಗೆ ಹೋಗಿ ಸೇರಿತು. ಸಭೆಯಲ್ಲಿ ಎಲ್ಲರಿಗೂ ಒಂದೇ ಬಗೆಯ ಸಿಟ್ಟು ಬಂದಿತು. ಲೂಟಿ ಮಾಡಿದವರು ಲೂಟಿಯೆಂದು ಬರೆದು ತೂಗುಹಾಕಲಿ ಎಂದು ಒಬ್ಬರು ಅಂದರೆ, ಮರಳಿ ಕೊಡಲಿ ಎಂದು ಇನ್ನೊಬ್ಬರು ಅಂದರು. ನಾನೂ ತಲೆಯಾಡಿಸಿದೆ.

ಆಮೇಲೆ ನಾನು ಕೇಳಿದ್ದು ಒಂದೇ ಪ್ರಶ್ನೆ. ಪೋವಿಸ್ಸಿಗೆ ಕೇಳುವುದನ್ನು ಇಲ್ಲಿಂದ ಎರಡು ಮೈಲಿ ದೂರದ ಶನಿವಾರವಾಡೆಗೆ ಏಕೆ ಕೇಳಬಾರದು?

ಸಭೆ ಮೌನವಾಯಿತು. ಧಾರವಾಡದಿಂದ ಬಂದು ನಲವತ್ತು ವರ್ಷ ಇಲ್ಲೇ ಸಂಸಾರ ಮಾಡಿದ ಹಿರಿಯರೊಬ್ಬರು ಮೃದುವಾಗಿಯೇ ಹೇಳಿದರು: “ನೋಡ್ರಿ, ಉಂಡ ಮನಿ ಜಂತಿ ಎಣಿಸಬಾರದು.” ಹಲವರು ನಕ್ಕರು, ಚಹಾ ಬಂತು, ಮಾತು ಅಲ್ಲಿಗೆ ಮುಗಿಯಿತು. ಆ ಹಿರಿಯರ ಮೇಲಿನ ಗೌರವಕ್ಕೆ ಕುಂದಿಲ್ಲದಂತೆ, ಅವರ ಗಾದೆಯನ್ನು ಒಪ್ಪಲು ನನ್ನಿಂದಾಗದು ಎಂದು ಹೇಳಲು ಈ ಬರಹ.

ಮೊದಲು ಆ ಮನೆಯ ಸಂಗತಿ. ಊರಿನಿಂದ ನೆಂಟರು ಬಂದಾಗ ನಾವೆಲ್ಲರೂ ಅವರನ್ನು ಶನಿವಾರವಾಡೆಗೆ ಕರೆದೊಯ್ಯುತ್ತೇವೆ. ದಿಲ್ಲಿ ದರವಾಜದ ಮೊಳೆ ಬಡಿದ ಕದಗಳ ಮುಂದೆ ಫೋಟೋ ತೆಗೆಯುತ್ತೇವೆ. ಅಲ್ಲಿ ನಮಗೆ ಸಿಗುವ ಕಥೆಗಳು ಮೂರು. ಬಾಜೀರಾಯ–ಮಸ್ತಾನಿಯರ ಪ್ರೇಮ ಮೊದಲನೆಯದು. 1773ರ ಆಗಸ್ಟ್ 30ರಂದು ಗಾರ್ದಿ ಕಾವಲುಗಾರರ ಕೈಯಲ್ಲಿ ಕೊಲೆಯಾದ ಹರೆಯದ ಪೇಶ್ವೆ ನಾರಾಯಣರಾಯ, ಹುಣ್ಣಿಮೆಯ ರಾತ್ರಿಗಳಲ್ಲಿ ‘ಕಾಕಾ, ಮಲಾ ವಾಚವಾ’ ಎಂದು ಕೂಗುತ್ತಾನೆಂಬುದು ಎರಡನೆಯದು. 1828ರ ಫೆಬ್ರವರಿಯಲ್ಲಿ ಹೊತ್ತಿಕೊಂಡು ಏಳು ದಿನ ಉರಿದ ಬೆಂಕಿ ಮೂರನೆಯದು. ಪ್ರೇಮ, ಭೂತ, ಬೆಂಕಿ. ಮಕ್ಕಳಿಗೆ ಭೂತ ಇಷ್ಟ, ದೊಡ್ಡವರಿಗೆ ಸಿನಿಮಾ ನೆನಪಾಗುತ್ತದೆ.

ನಾಲ್ಕನೆಯದಾಗಿ ಒಂದು ಅಂಕಿ ಇದೆ. 1730ರ ಜನವರಿ 10, ಶನಿವಾರದಂದು ಒಂದನೇ ಬಾಜೀರಾಯ ಅಡಿಗಲ್ಲು ಹಾಕಿದ, ಜುನ್ನರದ ಕಾಡಿನಿಂದ ಸಾಗುವಾನಿ, ಚಿಂಚವಡದಿಂದ ಕಲ್ಲು, ಜೇಜುರಿಯಿಂದ ಸುಣ್ಣ ತರಿಸಿದ, 1732ರಲ್ಲಿ ಮನೆ ಮುಗಿಯಿತು, ವೆಚ್ಚ 16,110 ರೂಪಾಯಿ. ಈ ಮೊತ್ತವನ್ನು ಕೈಪಿಡಿಗಳು ಒಂದು ರೂಪಾಯಿಯೂ ತಪ್ಪದಂತೆ ಒಪ್ಪಿಸುತ್ತವೆ. ಮುಂದಿನ ಪೇಶ್ವೆಯರು ಕಟ್ಟುತ್ತ ಹೋದ ದಿವಾನಖಾನೆಗಳು, ಕೋಟೆಗೋಡೆ, ಕೂಸಾಗಿದ್ದ ಸವಾಯಿ ಮಾಧವರಾಯನ ವಿನೋದಕ್ಕೆಂದು ಮಾಡಿಸಿದ ಹಜಾರಿ ಕಾರಂಜಿ ಯಾವುದೂ ಈ ಮೊತ್ತದಲ್ಲಿ ಸೇರಿಲ್ಲ. ಅದಿರಲಿ. ಮರ ಎಲ್ಲಿಂದ, ಕಲ್ಲು ಎಲ್ಲಿಂದ, ಸುಣ್ಣ ಎಲ್ಲಿಂದ ಎಂದು ಇಷ್ಟು ನಿಷ್ಠೆಯಿಂದ ಹೇಳುವವರು ದುಡ್ಡು ಎಲ್ಲಿಂದ ಎಂಬಲ್ಲಿಗೆ ಬಂದಾಗ ಮಾತ್ರ ಬಾಯಿ ಕಟ್ಟಿದವರಂತಾಗುವುದೇಕೆ?

ಆ ಪ್ರಶ್ನೆಗೆ ಉತ್ತರವೇನೂ ಗುಟ್ಟಲ್ಲ. ಅಡಿಗಲ್ಲು ಬೀಳುವುದಕ್ಕೆ 11 ವರ್ಷ ಮೊದಲು, 1719ರಲ್ಲಿ, ಬಾಜೀರಾಯನ ತಂದೆ ಬಾಳಾಜಿ ವಿಶ್ವನಾಥ ದಿಲ್ಲಿಯಿಂದ ಸನದು ತಂದಿದ್ದ. ದಖ್ಖನಿನ ಆರು ಸುಭೆಗಳ ಕಂದಾಯದಲ್ಲಿ ಕಾಲುಭಾಗ ಚೌಥಾಯಿ, ಮೇಲೆ ಹತ್ತರಲ್ಲೊಂದು ಸರದೇಶಮುಖಿ ಎತ್ತುವ ಹಕ್ಕು ಛತ್ರಪತಿ ಶಾಹುವಿಗೆ ದಕ್ಕಿತು. ಆ ಆರರಲ್ಲಿ ಬಿಜಾಪುರವೂ ಇತ್ತು, ಬೀದರವೂ ಇತ್ತು. ಹಕ್ಕು ಸಾತಾರದ ದೊರೆಯದು. ಅದನ್ನು ಎತ್ತುವ ದಂಡು ಮತ್ತು ಲೆಕ್ಕವಿಡುವ ಲೇಖಣಿ ಬರಬರುತ್ತ ಪುಣೆಯ ಈ ಮನೆಯ ಕೈಸೇರಿದವು. ಮಾಳವ, ಗುಜರಾತುಗಳ ದುಡ್ಡೂ ಇದರಲ್ಲಿದೆ. ಎಲ್ಲವೂ ನಮ್ಮದೇ ಎಂದು ನಾನು ಹೇಳುತ್ತಿಲ್ಲ. ಆದರೆ ಜೋಳದ ಹೊಲದ ಪಾಲು ಅಲ್ಲಿಗೆ ಹೋಯಿತು ಎಂಬುದರಲ್ಲಿ ಅನುಮಾನವಿಲ್ಲ. ತೆರದ ಊರಿಗೆ ದಂಡು ಬರುತ್ತಿತ್ತು. ಬಾಳಾಜಿ ಬಾಜೀರಾಯನ ಕಾಲದಲ್ಲಿ ಸವಣೂರಿಗೆ ಮುತ್ತಿಗೆ ಬಿತ್ತು. ಮಾಧವರಾಯ ಹೈದರನ ಮೇಲೆ ಮತ್ತೆ ಮತ್ತೆ ಏರಿ ಬಂದ.

ಧಾರವಾಡದ ನಮ್ಮ ಹಿರಿಯರಿಗೆ ಒಂದು ಮಾತು. 1790ರ ಕೊನೆಯ ತಿಂಗಳುಗಳಿಂದ 1791ರ ಏಪ್ರಿಲ್ ತನಕ ಪರಶುರಾಮಭಾವು ಪಟವರ್ಧನನ ದಂಡು, ಜೊತೆಗೆ ಕ್ಯಾಪ್ಟನ್ ಲಿಟಲ್‌ನ ಕಂಪನಿ ತುಕಡಿ, ನಿಮ್ಮ ಊರಿನ ಕೋಟೆಯನ್ನು ಸುತ್ತಿ ಕೂತಿದ್ದವು. ಅಷ್ಟು ದೊಡ್ಡ ದಂಡು ಅಷ್ಟು ತಿಂಗಳು ಒಂದು ಸೀಮೆಯಲ್ಲಿ ಬೀಡುಬಿಟ್ಟರೆ ಸುತ್ತಲಿನ ಹಗೇವುಗಳ ಗತಿ ಏನಾಗುತ್ತದೆ ಎಂಬುದನ್ನು ಹಳ್ಳಿಯಲ್ಲಿ ಹುಟ್ಟಿದವರಿಗೆ ಬಿಡಿಸಿ ಹೇಳಬೇಕಿಲ್ಲ. ಉಂಡ ಮನೆ ಎಂದಿರಲ್ಲ, ಉಂಡವರು ಯಾರು, ಬಡಿಸಿದವರು ಯಾರು?

ಅದೇ 1791ರಲ್ಲಿ ಪಟವರ್ಧನರ ದಂಡಿನೊಂದಿಗೆ ಬಂದ ಸವಾರರು ಶೃಂಗೇರಿ ಮಠವನ್ನು ಸುಲಿದರು. ಸುಲಿದವರು ಸೈನಿಕರೋ ದಂಡಿನ ಬೆನ್ನುಹತ್ತಿದ ಪಿಂಡಾರಿಗಳೋ ಎಂದು ವಿದ್ವಾಂಸರು ಇಂದಿಗೂ ವಾದಿಸುತ್ತಾರೆ. ವಾದಿಸಲಿ, ಸುಲಿಗೆ ನಡೆದದ್ದು ನಿಜ, ಸ್ವಾಮಿಗಳು ಮಠ ಬಿಟ್ಟು ಕಾರ್ಕಳ ಸೇರಿದ್ದು ನಿಜ. ಮೈಸೂರಿನ ಪ್ರಾಕ್ತನ ಇಲಾಖೆಯ ಆರ್. ನರಸಿಂಹಾಚಾರ್ಯರು 1916ರಲ್ಲಿ ಬೆಳಕಿಗೆ ತಂದ ಟಿಪ್ಪುವಿನ ಕಾಗದಗಳು ಈ ಪ್ರಕರಣಕ್ಕೆ ಸಾಕ್ಷಿಯಾಗಿವೆ, ಅವು ಕನ್ನಡದಲ್ಲೇ ಇವೆ. ಮರುವರ್ಷ ಶ್ರೀರಂಗಪಟ್ಟಣದ ಒಪ್ಪಂದವಾಯಿತು. ಟಿಪ್ಪು ಅರ್ಧ ರಾಜ್ಯವನ್ನೂ 3 ಕೋಟಿ 30 ಲಕ್ಷ ರೂಪಾಯಿಯನ್ನೂ ಒಪ್ಪಿಸಬೇಕಾಯಿತು. ಇಂಗ್ಲಿಷರು, ನಿಜಾಮ, ಪೇಶ್ವೆ ಹಂಚಿಕೊಂಡರು. ಟಿಪ್ಪುವಾದರೂ ಅದನ್ನು ಎಲ್ಲಿಂದ ತಂದ? ಖಜಾನೆಯಲ್ಲಿ ಸಾಲದ್ದನ್ನು ನಾಡಿನ ಜನರ ಮೇಲೆ ಹೊರಿಸಿದ. ಪೋವಿಸ್ಸಿನ ಡೇರೆಗಾಗಿ ಕಣ್ಣೀರಿಡುವ ನಾವು, ಆ ಕಥೆಯ ಮೊದಲ ಅಧ್ಯಾಯದಲ್ಲಿ ಕ್ಲೈವನ ಕಂಪನಿಯ ಪಕ್ಕದಲ್ಲೇ ನಿಂತು ಪಾಲು ಪಡೆದ ಮನೆಯ ಮುಂದೆ ನಗುತ್ತ ಫೋಟೋ ತೆಗೆಸಿಕೊಳ್ಳುತ್ತೇವೆ.

ಇಲ್ಲಿ ಎರಡು ಆಕ್ಷೇಪಗಳು ಬರುತ್ತವೆ. ಅಂದಿನ ಅರಸರೆಲ್ಲ ಹಾಗೇ ಇದ್ದರು, ಇಂದಿನ ಸೇರಿನಿಂದ ಅಂದಿನದನ್ನು ಅಳೆಯಬೇಡಿ ಎಂಬುದು ಮೊದಲನೆಯದು. ಸರಿ, ಅಳೆಯುವುದು ಬೇಡ. ನಾನು ತೀರ್ಪು ಕೇಳುತ್ತಿಲ್ಲ, ಜಮಾಖರ್ಚು ಕೇಳುತ್ತಿದ್ದೇನೆ. ಅಂದಿನವರು ಲೆಕ್ಕವನ್ನು ನಾಚಿಕೆಯಿಲ್ಲದೆ, ಅಚ್ಚುಕಟ್ಟಾಗಿ, ದಿನದಿನವೂ ಬರೆದಿಟ್ಟಿದ್ದಾರೆ. ಅದನ್ನು ಮುಚ್ಚಿಡುವ ಸಂಕೋಚ ನಮ್ಮ ಕಾಲದ್ದು. ಬ್ರಿಟನ್ನಿನಲ್ಲೂ ಇದೇ ಗದ್ದಲವಾಯಿತು. ಅಂಥ ಮನೆಗಳನ್ನು ನೋಡಿಕೊಳ್ಳುವ ನ್ಯಾಷನಲ್ ಟ್ರಸ್ಟ್ ಸಂಸ್ಥೆ 2020ರ ಸೆಪ್ಟೆಂಬರಿನಲ್ಲಿ ತನ್ನ 93 ಸ್ಥಳಗಳಿಗೆ ಗುಲಾಮಗಿರಿಯೊಂದಿಗೂ ವಸಾಹತುಗಳೊಂದಿಗೂ ಇದ್ದ ನಂಟನ್ನು ಪಟ್ಟಿಮಾಡಿ ಪ್ರಕಟಿಸಿತು. ಹೂದೋಟ ನೋಡಿ ಚಹಾ ಕುಡಿದು ಹೋಗಲು ಬರುವವರಿಗೆ ಇದೆಲ್ಲ ಏಕೆ ಎಂದು ಅಲ್ಲಿನ ಹಲವರು ಕೆರಳಿದರು. ಆ ಮಾತು ಕೇಳಿದಾಗ ನನಗೆ ನಮ್ಮ ಸಭೆಯ ಚಹಾ ನೆನಪಾಯಿತು.

ಎರಡನೆಯ ಆಕ್ಷೇಪ ಹೆಚ್ಚು ತೂಕದ್ದು. ಬೆಳಗಾವಿಯ ಗಾಯ ಮಾಯದಿರುವಾಗ, ಮರಾಠಿ ನೆಲದಲ್ಲಿ ಅನ್ನ ತಿನ್ನುವ ಕನ್ನಡಿಗರು ಪೇಶ್ವೆಯರ ಲೆಕ್ಕ ಕೇಳಿದರೆ ಅದು ಗಡಿ ಜಗಳದ ಇನ್ನೊಂದು ಕಲ್ಲಾಗುವುದಿಲ್ಲವೆ? ಇದನ್ನು ಭಾಷೆಗಳ ಜಗಳವೆಂದು ತಿಳಿದರೆ ಹಾಗಾದೀತು. ಆದರೆ ಶನಿವಾರವಾಡೆ ಮರಾಠಿ ಜನದ ಮನೆಯಾಗಿತ್ತು ಎಂದು ಯಾರು ಹೇಳಿದರು? ಅದು ಒಂದು ಮನೆತನದ ಮನೆ. ಎರಡನೇ ಬಾಜೀರಾಯ ಪರಗಣೆಗಳ ಕಂದಾಯವನ್ನು ಹರಾಜಿನಲ್ಲಿ ಹೆಚ್ಚು ಕೂಗಿದವನಿಗೆ ಇಜಾರೆ ಕೊಟ್ಟ. ಹಿಡಿದವನು ರೈತನನ್ನು ಹಿಂಡಿ ತೆಗೆದ. ಹಿಂಡಿಸಿಕೊಂಡವರು ಮರಾಠಿ ಕುಣಬಿಗಳೇ. ಇದನ್ನು ಬರೆದಿಟ್ಟವನು ಗೆದ್ದು ಬಂದ ಎಲ್ಫಿನ್‌ಸ್ಟನ್, ಅವನ ಮಾತಿನಲ್ಲಿ ಅವನ ಸ್ವಾರ್ಥವೂ ಇತ್ತು ಎಂಬುದನ್ನು ಬಲ್ಲೆ. ಆದರೆ ಇಜಾರೆ ಪದ್ಧತಿಯನ್ನು ಅಲ್ಲಗಳೆದವರಿಲ್ಲ. 1803–04ರ ಬರಗಾಲದಲ್ಲಿ ಪುಣೆಯ ಸುತ್ತ ಜನ ಸತ್ತರು. ಅದು ಕಳೆದ ಕೆಲವೇ ವರ್ಷಗಳಲ್ಲಿ ಇದೇ ಬಾಜೀರಾಯ ಸುಮಾರು ಎರಡು ಲಕ್ಷ ಸುರಿದು ವಿಶ್ರಾಮಬಾಗ್ ವಾಡೆ ಕಟ್ಟಿಸಿದ. ಅದರ ಕೆತ್ತನೆಯ ಮರದ ಮುಖಮಂಟಪ ನಿಜಕ್ಕೂ ಚೆಲುವಾದದ್ದು, ನಾನು ಅಲ್ಲಿ ಗಂಟೆಗಟ್ಟಲೆ ನಿಂತಿದ್ದೇನೆ. ರಾಜ್ಯ ಕಳೆದುಕೊಂಡ ಮೇಲೂ ಅವನಿಗೆ ಬಿಠೂರಿನಲ್ಲಿ ವರ್ಷಕ್ಕೆ 8 ಲಕ್ಷ ರೂಪಾಯಿಯ ಪಿಂಚಣಿ 1851ರಲ್ಲಿ ಸಾಯುವ ತನಕ ನಡೆಯಿತು. ಕುಣಬಿಗೆ ಯಾರೂ ಪಿಂಚಣಿ ಕೊಡಲಿಲ್ಲ.

ಇನ್ನೂ ಒಂದು ಮಾತು. ಈ ಮನೆಯ ಜಂತೆಗಳನ್ನು ಮೊದಲು ಎಣಿಸಿದವರು ಪುಣೆಯವರೇ. ಪೇಶ್ವೆಯರಿಗೆ ಹೂ ಒದಗಿಸುತ್ತಿದ್ದುದರಿಂದಲೇ ಫುಲೆ ಎಂಬ ಹೆಸರು ಪಡೆದ ಮನೆತನದಲ್ಲಿ ಹುಟ್ಟಿದವರು ಜೋತೀರಾವ್. ಆ ಮನೆಯ ಅನ್ನದ ಋಣ ನಮಗಿಂತ ಅವರಿಗೆ ಹತ್ತಿರದ್ದು. 1873ರ ‘ಗುಲಾಮಗಿರಿ’ಯಲ್ಲೂ ಆಮೇಲಿನ ‘ಶೇತಕರ್‍ಯಾಚಾ ಅಸೂಡ್’ನಲ್ಲೂ ಅವರು ದುಡಿದವನಾರು, ತಿಂದವನಾರು ಎಂದು ಕೇಳಿದರು. ಪೇಶ್ವೆಯರ ಪುಣೆಯಲ್ಲಿ ಅಸ್ಪೃಶ್ಯರು ಸೊಂಟಕ್ಕೆ ಪೊರಕೆ, ಕೊರಳಿಗೆ ಗಡಿಗೆ ಕಟ್ಟಿಕೊಂಡು ನಡೆಯಬೇಕಿತ್ತು ಎಂಬುದನ್ನು ಅಂಬೇಡ್ಕರರು 1936ರ ‘ಜಾತಿವಿನಾಶ’ದಲ್ಲಿ ದಾಖಲಿಸಿದರು. ವಿಜಯ್ ತೆಂಡೂಲ್ಕರ್ 1972ರಲ್ಲಿ ‘ಘಾಶೀರಾಮ್ ಕೋತ್ವಾಲ್’ ಬರೆದು ನಾನಾ ಫಡ್ನವೀಸನನ್ನು ರಂಗಕ್ಕೆ ಎಳೆದು ತಂದಾಗ ಇದೇ ಊರು ಕುದಿಯಿತು, ಆದರೂ ಆ ನಾಟಕ ಬದುಕಿತು. ಮರಾಠಿಯ ಶ್ರೇಷ್ಠರು ಮಾಡಿದ ಕೆಲಸವನ್ನು ಮಾಡಲು ನಾವು ಹಿಂಜರಿಯುವುದು ಮರಾಠಿಗೆ ತೋರುವ ಗೌರವವಲ್ಲ, ವಾಡೆಗೆ ತೋರುವ ಗೌರವ. ಎರಡೂ ಒಂದೇ ಎಂದು ಬಗೆದದ್ದೇ ನಮ್ಮ ತಪ್ಪು.

ನಮ್ಮವರನ್ನೂ ಬಿಡುವ ಹಾಗಿಲ್ಲ. ಟಿಳಕ ರಸ್ತೆಯ ಎಸ್.ಪಿ. ಕಾಲೇಜಿನ ಮುಂದೆ ನಮ್ಮಲ್ಲಿ ಎಷ್ಟು ಜನ ದಿನವೂ ಹಾದುಹೋಗುತ್ತಾರೆ! ಆ ಹೆಸರಿನ ಸರ್ ಪರಶುರಾಮಭಾವು ಪಟವರ್ಧನ, ಧಾರವಾಡ ಮುತ್ತಿದ ಸೇನಾಪತಿಯಲ್ಲ. ಅದೇ ಮನೆತನದ, ಇಪ್ಪತ್ತನೇ ಶತಮಾನದ ಜಮಖಂಡಿಯ ದೊರೆ. ಜಮಖಂಡಿ ಇಂದು ಬಾಗಲಕೋಟೆ ಜಿಲ್ಲೆಯಲ್ಲಿದೆ. ಸಂಸ್ಥಾನದ ದೇಣಿಗೆಯಿಂದ ಕಾಲೇಜಿಗೆ ಆ ಹೆಸರು ಬಂತು. ಕೃಷ್ಣೆಯ ದಂಡೆಯ ಕನ್ನಡ ರೈತರ ಕಂದಾಯದಲ್ಲಿ ಪುಣೆಯ ಮಕ್ಕಳು ಓದಿದರೆಂದು ನನಗೆ ಸಂತೋಷವೇ. ವಿದ್ಯೆಗೆ ಹೋದ ದುಡ್ಡು ಕಾರಂಜಿಗೆ ಹೋದ ದುಡ್ಡಿಗಿಂತ ಮೇಲು. ಆದರೆ ಕಮಾನಿನ ಮೇಲೆ ದೊರೆಯ ಹೆಸರಿದೆ, ರೈತರ ಮಾತಿಲ್ಲ. ಇನ್ನು ಮೈಸೂರು ಅರಮನೆ. 1897ರಲ್ಲಿ ಹಳೆಯದು ಸುಟ್ಟ ಮೇಲೆ ಹೆನ್ರಿ ಇರ್ವಿನ್‌ನ ನಕ್ಷೆಯಂತೆ 41 ಲಕ್ಷಕ್ಕೂ ಮಿಕ್ಕಿ ಸುರಿದು 1912ರ ಹೊತ್ತಿಗೆ ಮುಗಿಸಿದ ಮನೆ. ದಸರೆಯ ದೀಪ ನೋಡಿ ಬಂದವರಲ್ಲಿ ಒಬ್ಬರಾದರೂ ಈ 41 ಲಕ್ಷ ಯಾರ ಹೊಲದಿಂದ ಬಂತು ಎಂದು ಕೇಳಿದ್ದನ್ನು ನಾನು ಕಾಣೆ. ನಾಲ್ವಡಿಯವರು ಒಳ್ಳೆಯ ಅರಸರಾಗಿದ್ದರು ಎಂಬ ಉತ್ತರ ನನ್ನ ಪ್ರಶ್ನೆಗೆ ಉತ್ತರವಲ್ಲ.

ಪುಣೆಯ ವಿಷಯದಲ್ಲಿ ನಮಗೊಂದು ಅನುಕೂಲವಿದೆ, ಅದು ಪೋವಿಸ್ಸಿನ ಬಳಿ ವಾಸಿಸುವ ಕನ್ನಡಿಗರಿಗಿಲ್ಲ. ಶನಿವಾರವಾಡೆಯ ಜಂತೆಗಳು 1828ರಲ್ಲಿ ಸುಟ್ಟುಹೋದವು, ಲೆಕ್ಕಗಳು ಸುಡಲಿಲ್ಲ. ಪೇಶ್ವೆ ದಫ್ತರ ಇದೇ ಊರಿನಲ್ಲಿ, ಕೌನ್ಸಿಲ್ ಹಾಲಿನ ಬಳಿಯ ಕಲ್ಲಿನ ಕಟ್ಟಡದಲ್ಲಿ, ಬಟ್ಟೆಯಲ್ಲಿ ಕಟ್ಟಿದ ಸಾವಿರಾರು ರುಮಾಲುಗಳಾಗಿ ಕೂತಿದೆ. ದಿನದಿನದ ರೋಜಕೀರ್ದಿ ಇದೆ, ಪ್ರಾಂತಗಳ ಲೆಕ್ಕವಿದೆ. ಗೋ.ಸ. ಸರದೇಸಾಯಿಯವರು 1930ರ ದಶಕದಲ್ಲಿ ಅದರಿಂದ ಆಯ್ದು 45 ಸಂಪುಟಗಳನ್ನು ಪ್ರಕಟಿಸಿದರು. ಕರ್ನಾಟಕದ ವ್ಯವಹಾರಗಳಿಗೆಂದೇ ಮೀಸಲಾದ ಸಂಪುಟವೂ ಅದರಲ್ಲಿದೆ. ಉಳಿದದ್ದು ಮೋಡಿ ಲಿಪಿಯಲ್ಲಿದೆ, ಓದಬಲ್ಲವರು ಕಡಿಮೆ. ನಮ್ಮ ಅಜ್ಜಂದಿರಲ್ಲಿ ಎಷ್ಟೋ ಮಂದಿ ಕುಲಕರ್ಣಿಕೆಗೆ ಮೋಡಿ ಕಲಿತಿದ್ದರು, ನಾವು ಅದನ್ನು ಬಿಟ್ಟೆವು.

ಹೋದ ಭಾನುವಾರ ಒಬ್ಬನೇ ವಾಡೆಗೆ ಹೋಗಿದ್ದೆ. ಹೊರಗಿನ ಅಂಗಳದ ಬದಿಯಲ್ಲಿ ಕಲ್ಲುಹಾಸು ಸರಿಪಡಿಸುತ್ತಿದ್ದ ಇಬ್ಬರು ಹೆಂಗಸರು ಕಲಬುರಗಿಯ ಕನ್ನಡದಲ್ಲಿ ಮಾತಾಡಿಕೊಳ್ಳುತ್ತಿದ್ದರು. ಯಾವೂರವ್ವ ಎಂದೆ. ಊರು ಹೇಳಿ, ಒಳಗೆ ಏನೈತ್ರಿ ಎಂದು ಕೇಳಿದರು. ಟಿಕೇಟು ಕೊಂಡು ಹೋಗಿ ನೋಡಿರಲಿಲ್ಲ. ಒಳಗೆ ಏನೂ ಉಳಿದಿಲ್ಲ, ಬುನಾದಿ ಅಷ್ಟೇ ಇದೆ ಎಂದೆ. ಮತ್ತ ಇಷ್ಟು ಮಂದಿ ಏನು ನೋಡಾಕ ಬರ್ತಾರ್ರಿ ಎಂದು ಅವರಲ್ಲಿ ಹಿರಿಯಳು ಕೇಳಿದಳು. ನಾನು ಭೂತದ ಕಥೆ ಹೇಳಲಿಲ್ಲ.

ಬಳಗದ ಮುಂದಿನ ಸಭೆಗೆ ನನ್ನ ಸೂಚನೆ ಇದು: ಈ ವರ್ಷದ ‘ಪುಣೆ ದರ್ಶನ’ ದಿಲ್ಲಿ ದರವಾಜದಿಂದಲ್ಲ, ದಫ್ತರದ ಬಾಗಿಲಿನಿಂದ ಹೊರಡಲಿ. ಮೋಡಿ ಕಲಿಸುವ ತರಗತಿಗಳು ಈ ಊರಿನಲ್ಲಿ ನಡೆಯುತ್ತವೆ. ನಾನು ಹೆಸರು ಬರೆಸಲಿದ್ದೇನೆ. ಇನ್ನಿಬ್ಬರು ಜೊತೆಯಾದರೆ ಒಳಿತು. ಧಾರವಾಡದ ಆ ಹಿರಿಯರಿಗೆ ಚಿಕ್ಕಂದಿನಲ್ಲಿ ತಂದೆಯಿಂದ ಕಲಿತ ಮೋಡಿ ಅಲ್ಪಸ್ವಲ್ಪ ನೆನಪಿದೆಯೆಂದು ಕೇಳಿದ್ದೇನೆ. ಅವರನ್ನೇ ಮೊದಲು ಕರೆಯುತ್ತೇನೆ.